ಟೋಕಿಯೊಗೆ ‘ನಾನು’, ವಿಯೆಟ್ನಾಂಗೆ ಮೌನ: ಎರಲ್ ಮಾರಿಸ್ ಮಾಡಿದ ಒಂದು ಸಂದರ್ಶನದ ಪ್ರಕರಣ ಅಧ್ಯಯನ

ರಾಬರ್ಟ್ ಮೆಕ್‌ನಮಾರಾ 1961ರಿಂದ 1968ರವರೆಗೆ ಅಮೆರಿಕದ ರಕ್ಷಣಾ ಮಂತ್ರಿ. ಅಧ್ಯಕ್ಷರಾದ ಕೆನಡಿ, ಜಾನ್ಸನ್ ಇಬ್ಬರ ಸರ್ಕಾರದಲ್ಲೂ ಅದೇ ಖುರ್ಚಿ. ವಿಯೆಟ್ನಾಂ ಯುದ್ಧ ದೊಡ್ಡದಾಗುತ್ತಾ ಹೋದದ್ದು ಅವರ ಕೈಕೆಳಗೆ. ಆ ಯುದ್ಧವನ್ನು ಅಮೆರಿಕದಲ್ಲಿ ಎಷ್ಟೋ ಜನ ‘ಮೆಕ್‌ನಮಾರಾ ಯುದ್ಧ’ ಅಂತಲೇ ಕರೆಯುತ್ತಿದ್ದರು. 2001ರಲ್ಲಿ ಅವರಿಗೆ 85 ವರ್ಷ. ಹೊಸ ಪುಸ್ತಕವೊಂದು ಆಗಷ್ಟೇ ಹೊರಬಂದಿತ್ತು. ಪುಸ್ತಕದ ಪ್ರಚಾರಕ್ಕೆ ಕೊಡುವ ಹತ್ತಾರು ಸಂದರ್ಶನಗಳಲ್ಲಿ ಇದೂ ಒಂದು ಅಂದುಕೊಂಡು ಸಾಕ್ಷ್ಯಚಿತ್ರ ನಿರ್ದೇಶಕ ಎರಲ್ ಮಾರಿಸ್ ಅವರ ಕ್ಯಾಮೆರಾ ಮುಂದೆ ಕೂತರು. ಮಾತು ಮುಗಿಯುವ ಹೊತ್ತಿಗೆ ಸುಮಾರು 20 ಗಂಟೆಗಳ ಚಿತ್ರೀಕರಣ ಆಗಿತ್ತು. ಅದರಿಂದ ಬಂದದ್ದು 107 ನಿಮಿಷಗಳ ‘ದ ಫಾಗ್ ಆಫ್ ವಾರ್’. 2003ರಲ್ಲಿ ಬಿಡುಗಡೆಯಾಯಿತು, ಮರುವರ್ಷ ಆಸ್ಕರ್ ಪಡೆಯಿತು.

ಸಾರ್ವಜನಿಕ ಜೀವನದಲ್ಲಿ ಇದ್ದವರನ್ನು ಕೂರಿಸಿ ಮಾತಾಡಿಸುವ ಕೆಲಸದಲ್ಲಿ ಆಸಕ್ತಿ ಇರುವ ಯಾರಿಗಾದರೂ ಈ ಒಂದು ಸಂದರ್ಶನವನ್ನು ಬಿಡಿಸಿ ನೋಡಬೇಕು ಅನ್ನಿಸುತ್ತದೆ. ನನಗಂತೂ ಇದಕ್ಕಿಂತ ದೊಡ್ಡ ಪಾಠಶಾಲೆ ಸಿಕ್ಕಿಲ್ಲ. ಈ ಚಿತ್ರದ ಬಗ್ಗೆ ಬರೆಯುವವರು ಸಾಮಾನ್ಯವಾಗಿ ‘ಮೆಕ್‌ನಮಾರಾ ತಪ್ಪೊಪ್ಪಿಕೊಂಡ ಚಿತ್ರ’ ಅನ್ನುತ್ತಾರೆ. ಹಲವು ಸಲ ನೋಡಿದ ಮೇಲೆ ನನಗೆ ಬೇರೆಯದೇ ಕಾಣಿಸುತ್ತದೆ. ಒಬ್ಬ ಮನುಷ್ಯನ ಒಪ್ಪಿಗೆ ಎಲ್ಲಿಯವರೆಗೆ ಬರುತ್ತದೆ, ಎಲ್ಲಿ ಬಂದು ನಿಲ್ಲುತ್ತದೆ ಅನ್ನುವುದನ್ನು ಈ ಚಿತ್ರ ತೋರಿಸುತ್ತದೆ. ಆ ಗೆರೆ ನಾವು ಊಹಿಸುವ ಜಾಗದಲ್ಲಿ ಇಲ್ಲ.

ಕೇಳುವವರು ಯಾರು

ಮಾರಿಸ್ ಹುಟ್ಟಿದ್ದು 1948ರಲ್ಲಿ, ನ್ಯೂಯಾರ್ಕ್ ಬಳಿಯ ಲಾಂಗ್ ಐಲೆಂಡ್‌ನಲ್ಲಿ. ಓದಿದ್ದು ಇತಿಹಾಸ, ಆಮೇಲೆ ಬರ್ಕ್ಲಿಯಲ್ಲಿ ತತ್ವಶಾಸ್ತ್ರ. ಓದುವ ದಿನಗಳಲ್ಲಿ ವಿಯೆಟ್ನಾಂ ಯುದ್ಧದ ವಿರುದ್ಧ ಪ್ರತಿಭಟನೆಗೆ ಇಳಿದವರು. ಅಂದರೆ ಎದುರಿಗೆ ಕೂತ ಮುದುಕರ ಮೇಲೆ ಸಿಟ್ಟು ಇಟ್ಟುಕೊಳ್ಳುವ ಎಲ್ಲ ಕಾರಣವೂ ಅವರಿಗಿತ್ತು. ಮೊದಲ ಚಿತ್ರಗಳು ಹಣ ತರದಿದ್ದಾಗ ಕೆಲವು ಕಾಲ ಖಾಸಗಿ ಪತ್ತೇದಾರನ ಕೆಲಸ ಮಾಡಿದರು. ಆ ಕೆಲಸ ಅವರ ಸಿನಿಮಾದೊಳಗೂ ಬಂತು. 1976ರಲ್ಲಿ ಡಲ್ಲಾಸ್‌ನಲ್ಲಿ ಪೊಲೀಸ್ ಅಧಿಕಾರಿಯೊಬ್ಬರ ಕೊಲೆಯಾಗಿತ್ತು. ರಾಂಡಲ್ ಆಡಮ್ಸ್ ಎಂಬಾತನಿಗೆ ಮರಣದಂಡನೆ ಆಗಿ, ಅದು ಜೀವಾವಧಿಗೆ ಇಳಿದಿತ್ತು. ಮಾರಿಸ್ ಟೆಕ್ಸಸ್‌ಗೆ ಹೋದದ್ದು ಇಂಥ ಕೇಸುಗಳಲ್ಲಿ ಸಾಕ್ಷಿ ಹೇಳುತ್ತಿದ್ದ ಮನೋವೈದ್ಯರೊಬ್ಬರ ಬಗ್ಗೆ ಚಿತ್ರ ಮಾಡಲು. ಜೈಲಿನಲ್ಲಿ ಆಡಮ್ಸ್ ಸಿಕ್ಕರು, ಚಿತ್ರವೇ ಬದಲಾಯಿತು. 1988ರ ‘ದ ಥಿನ್ ಬ್ಲೂ ಲೈನ್’ ಬಂದ ಮರುವರ್ಷ ಆಡಮ್ಸ್ ಜೈಲಿನಿಂದ ಹೊರಗೆ ಬಂದರು.

ಆ ಚಿತ್ರದ ಕೊನೆಯಲ್ಲಿ, ಮುಖ್ಯ ಸಾಕ್ಷಿಯಾಗಿದ್ದ ಡೇವಿಡ್ ಹ್ಯಾರಿಸ್ ‘ಆಡಮ್ಸ್ ನಿರಪರಾಧಿ’ ಎಂದು ಹೆಚ್ಚುಕಮ್ಮಿ ಒಪ್ಪಿಕೊಳ್ಳುವ ಮಾತು ಬರುತ್ತದೆ. ಅವತ್ತು ಕ್ಯಾಮೆರಾ ಕೆಟ್ಟಿತ್ತು. ಕೈಯಲ್ಲಿದ್ದದ್ದು ಒಂದು ಟೇಪ್ ರೆಕಾರ್ಡರ್ ಮಾತ್ರ. ತೆರೆಯ ಮೇಲೆ ನಮಗೆ ಆ ಟೇಪ್ ರೆಕಾರ್ಡರ್ ಕಾಣುತ್ತದೆ, ದನಿ ಕೇಳುತ್ತದೆ, ಅಷ್ಟೇ. ಮುಖವೇ ಇಲ್ಲದ ಆ ಸಂದರ್ಶನ ಮಾರಿಸ್ ಅವರ ಇಡೀ ವೃತ್ತಿಯಲ್ಲೇ ಅತಿ ಹೆಚ್ಚು ಫಲ ಕೊಟ್ಟದ್ದು. ಇದನ್ನು ನೆನಪಿಟ್ಟುಕೊಳ್ಳಿ. ಮುಂದೆ ಯಂತ್ರದ ಬಗ್ಗೆ ಮಾತಾಡುವಾಗ ಬೇಕಾಗುತ್ತದೆ.

ಅವರ ಕೇಳುವ ರೀತಿ ಸರಳ. ಜಾಸ್ತಿ ಮಾತಾಡುವುದಿಲ್ಲ. ಎದುರಿನವರು ಮಾತು ನಿಲ್ಲಿಸಿದ ತಕ್ಷಣ ಮುಂದಿನ ಪ್ರಶ್ನೆ ಹಾಕುವ ಅವಸರ ಇಲ್ಲ. ಮಾತು ನಿಂತ ಮೇಲಿನ ಆ ಖಾಲಿ ಜಾಗವನ್ನು ತುಂಬುವ ಕೆಲಸವನ್ನು ಕೂತವರಿಗೇ ಬಿಡುತ್ತಾರೆ. ನಮ್ಮ ಟಿವಿ ಚಾನೆಲ್‌ಗಳಲ್ಲಿ, ಈಗ ಯೂಟ್ಯೂಬ್‌ನಲ್ಲೂ, ಪ್ರಶ್ನೆ ಕೇಳುವವರೇ ಅರ್ಧ ಉತ್ತರವನ್ನೂ ಹೇಳಿಬಿಡುವುದನ್ನು ನೋಡಿ ರೂಢಿಯಾದ ನಮಗೆ ಇದು ಮೊದಲಿಗೆ ವಿಚಿತ್ರ ಅನ್ನಿಸುತ್ತದೆ.

ಯಂತ್ರ

ವಿಡಿಯೋ ಕಾಲ್‌ನಲ್ಲಿ ಒಂದು ಸಣ್ಣ ತೊಂದರೆ ಇದೆ, ಗಮನಿಸಿದ್ದೀರಲ್ವಾ? ನಾವು ನೋಡುವುದು ಸ್ಕ್ರೀನ್ ಮೇಲಿನ ಮುಖವನ್ನು. ಕ್ಯಾಮೆರಾ ಇರುವುದು ಅದರ ಮೇಲ್ಗಡೆ. ಹಾಗಾಗಿ ಆಚೆಯವರಿಗೆ ನಮ್ಮ ಕಣ್ಣು ಸದಾ ಕೆಳಗೆ ನೋಡಿದ ಹಾಗೆ ಕಾಣುತ್ತದೆ. ಸಿನಿಮಾ ಸಂದರ್ಶನದಲ್ಲೂ ಇದೇ ಕಥೆ. ಕೇಳುವವರು ಕ್ಯಾಮೆರಾ ಪಕ್ಕದಲ್ಲಿ ಕೂತಿರುತ್ತಾರೆ, ಹೇಳುವವರು ಅವರನ್ನು ನೋಡುತ್ತಾರೆ, ಪ್ರೇಕ್ಷಕರಿಗೆ ಸಿಗುವುದು ಓರೆ ಮುಖ. ಇಬ್ಬರ ಮಾತನ್ನು ಮೂರನೆಯವರಾಗಿ ಪಕ್ಕದಲ್ಲಿ ನಿಂತು ಕೇಳಿಸಿಕೊಂಡಂತೆ ಇರುತ್ತದೆ.

ಮಾರಿಸ್ 1990ರ ದಶಕದಲ್ಲಿ ಇದಕ್ಕೊಂದು ಉಪಾಯ ಕಂಡುಕೊಂಡರು. ಟಿವಿಯಲ್ಲಿ ವಾರ್ತೆ ಓದುವವರ ಮುಂದೆ ಟೆಲಿಪ್ರಾಂಪ್ಟರ್ ಇರುತ್ತದೆ. ಲೆನ್ಸ್‌ನ ಮುಂದೆ ಓರೆಯಾಗಿ ನಿಲ್ಲಿಸಿದ ಅರೆಪಾರದರ್ಶಕ ಗಾಜು. ಓದುವವರಿಗೆ ಅದರ ಮೇಲೆ ಅಕ್ಷರ ಕಾಣುತ್ತದೆ, ಹಿಂದಿನ ಕ್ಯಾಮೆರಾಗೆ ಗಾಜಿನಾಚೆ ಓದುವವರ ಮುಖ ಮಾತ್ರ ಕಾಣುತ್ತದೆ. ಮಾರಿಸ್ ಆ ಗಾಜಿನ ಮೇಲೆ ಅಕ್ಷರದ ಬದಲು ತಮ್ಮ ಮುಖವನ್ನೇ ಮೂಡಿಸಿದರು. ಅವರು ಬೇರೆ ಕಡೆ ಇನ್ನೊಂದು ಕ್ಯಾಮೆರಾ ಮುಂದೆ ಕೂತಿರುತ್ತಾರೆ. ಅವರ ಮುಂದಿನ ಗಾಜಿನಲ್ಲಿ ಎದುರಿನವರ ಮುಖ, ಎದುರಿನವರ ಗಾಜಿನಲ್ಲಿ ಅವರ ಮುಖ. ಇಬ್ಬರೂ ಒಬ್ಬರನ್ನೊಬ್ಬರು ನೋಡುತ್ತಾ ಮಾತಾಡುತ್ತಾರೆ, ಆದರೆ ನೋಟ ಸೀದಾ ಲೆನ್ಸ್‌ನೊಳಗೆ ಹೋಗುತ್ತದೆ. ಹಾಗಾಗಿ ತೆರೆಯ ಮೇಲೆ ಅವರು ನಮ್ಮನ್ನೇ ನೋಡುತ್ತಾರೆ. ಇದಕ್ಕೆ ಇಂಟರೋಟ್ರಾನ್ ಅಂತ ಹೆಸರಿಟ್ಟದ್ದು ಮಾರಿಸ್ ಅವರ ಪತ್ನಿ.

ಇದರ ಪರಿಣಾಮ ಮೆಕ್‌ನಮಾರಾ ಅವರ ಮೇಲೆ ಬೇರೆ ಥರ ಆಯಿತು. ಅವರು ಸಾವಿರಾರು ಪತ್ರಿಕಾಗೋಷ್ಠಿ ಎದುರಿಸಿದ್ದವರು. ಕೋಣೆಯಲ್ಲಿ ಹತ್ತು ಜನ ಇದ್ದರೆ ಯಾರ ಕಡೆ ನೋಡಿ ಏನು ಹೇಳಬೇಕು, ಯಾರಿಂದ ಮುಖ ತಿರುಗಿಸಬೇಕು ಎಂಬುದು ರಕ್ತಗತ ಆಗಿದ್ದವರು. ಇಲ್ಲಿ ತಿರುಗಲು ಬೇರೆ ಮುಖ ಇಲ್ಲ. ಎದುರಿಗೆ ಒಂದೇ ಮುಖ. ಬೆರಳು ಚಾಚಿ ಒತ್ತಿ ಹೇಳುತ್ತಾರಲ್ಲ, ಆ ಬೆರಳು ಸೀದಾ ನೋಡುವವರ ಎದೆಗೆ ಬರುತ್ತದೆ. 1962ರಲ್ಲಿ ಸೋವಿಯತ್ ಒಕ್ಕೂಟ ಕ್ಯೂಬಾದಲ್ಲಿ ಅಣು ಕ್ಷಿಪಣಿ ಇಟ್ಟಾಗ ಎದ್ದ ಬಿಕ್ಕಟ್ಟಿನ ಬಗ್ಗೆ ಹೇಳುವಾಗ ಹೆಬ್ಬೆರಳು ತೋರುಬೆರಳನ್ನು ಹತ್ತಿರ ಹಿಡಿದು, ಅಣುಯುದ್ಧಕ್ಕೆ ನಾವು ಇಷ್ಟು ಹತ್ತಿರ ಬಂದಿದ್ದೆವು ಎಂದು ತೋರಿಸುತ್ತಾರೆ. ಆ ಎರಡು ಬೆರಳಿನ ನಡುವಿನ ಕೂದಲೆಳೆ ಜಾಗದ ಮೂಲಕ ಅವರ ಕಣ್ಣು ನಮ್ಮನ್ನು ನೋಡುತ್ತಿರುತ್ತದೆ. ಉಳಿದದ್ದು ಅದೃಷ್ಟದಿಂದ, ಬುದ್ಧಿವಂತಿಕೆಯಿಂದ ಅಲ್ಲ ಅನ್ನುತ್ತಾರೆ. 1992ರಲ್ಲಿ ಹವಾನಾಗೆ ಹೋದಾಗ, ಬಿಕ್ಕಟ್ಟಿನ ದಿನಗಳಲ್ಲಿ ಕ್ಯೂಬಾದಲ್ಲಿ 162 ಅಣು ಸಿಡಿತಲೆಗಳು ಆಗಲೇ ಇದ್ದವು ಎಂದು ತಿಳಿದು ತಾನು ನಡುಗಿದ್ದನ್ನೂ ಹೇಳುತ್ತಾರೆ. ಈ ಭಾಗ ಮೈ ಜುಮ್ಮೆನ್ನಿಸುತ್ತದೆ, ನಿಜ. ಆದರೆ ಇಲ್ಲಿ ಅವರು ಸುರಕ್ಷಿತ ಜಾಗದಲ್ಲಿದ್ದಾರೆ. ಯುದ್ಧ ಆಗಲಿಲ್ಲವಲ್ಲ.

ಅರ್ಧಕ್ಕೆ ನಿಂತ ವಾಕ್ಯ

ಚಿತ್ರ ಶುರುವಾಗುವುದೇ ಹಿಡಿತದ ಪ್ರಶ್ನೆಯಿಂದ. ದನಿಯ ಮಟ್ಟ ಸರಿಯಿದೆಯಾ ಅಂತ ಮೆಕ್‌ನಮಾರಾ ವಿಚಾರಿಸುತ್ತಾರೆ. ಆಮೇಲೆ, ಹಿಂದಿನ ಸಲ ಯಾವ ವಾಕ್ಯದ ಮಧ್ಯದಲ್ಲಿ ನನ್ನನ್ನು ನಿಲ್ಲಿಸಿದಿರಿ ಅಂತ ನನಗೆ ಚೆನ್ನಾಗಿ ನೆನಪಿದೆ, ಹಿಂದಕ್ಕೆ ಹೋಗಿ ಮೊದಲಿನಿಂದ ಹೇಳುವುದಿಲ್ಲ, ನೀವು ಹೇಗೋ ಸರಿಮಾಡಿಕೊಳ್ಳಿ, ಏನು ಹೇಳಬೇಕು ಅಂತ ನನಗೆ ಗೊತ್ತು ಅನ್ನುತ್ತಾರೆ. ಬೇರೆ ನಿರ್ದೇಶಕರಾಗಿದ್ದರೆ ಈ ತುಣುಕನ್ನು ಕಸಕ್ಕೆ ಹಾಕುತ್ತಿದ್ದರು. ಮಾರಿಸ್ ಇದನ್ನೇ ಬಾಗಿಲಲ್ಲಿಟ್ಟರು. ಮೊದಲ ನಿಮಿಷಗಳಲ್ಲೇ ನಮಗೆ ತಿಳಿಯುತ್ತದೆ: ಈ ಮನುಷ್ಯನ ನೆನಪು ಹರಿತವಾಗಿದೆ, ಯಾವುದನ್ನು ಹೇಳಬೇಕು ಎಂಬ ಲೆಕ್ಕ ಪಕ್ಕಾ ಇದೆ. ಮುಂದೆ ಎಲ್ಲಾದರೂ ‘ನೆನಪಿಲ್ಲ’ ಅಂದರೆ ಆ ಮಾತಿನ ಬೆಲೆ ಎಷ್ಟು ಅಂತ ಅಳೆಯಲು ನಮ್ಮ ಕೈಗೆ ಅಳತೆಗೋಲು ಸಿಕ್ಕಿತು.

ಚಿತ್ರದ ಇನ್ನೊಂದು ಕಡೆ ತಮ್ಮ ಹಳೆಯ ಸೂತ್ರವನ್ನೂ ಅವರೇ ಬಿಟ್ಟುಕೊಡುತ್ತಾರೆ. ಕೇಳಿದ ಪ್ರಶ್ನೆಗೆ ಉತ್ತರ ಕೊಡಬೇಡಿ, ಯಾವ ಪ್ರಶ್ನೆ ಕೇಳಿದ್ದರೆ ಚೆನ್ನಾಗಿತ್ತೋ ಅದಕ್ಕೆ ಉತ್ತರ ಕೊಡಿ, ಇದು ಬಹಳ ಒಳ್ಳೆಯ ನಿಯಮ ಅನ್ನುತ್ತಾರೆ. ನಗುನಗುತ್ತಲೇ ಹೇಳುತ್ತಾರೆ.

ಟೋಕಿಯೊ

ಈಗ ವಿಷಯದ ತಿರುಳಿಗೆ ಬರೋಣ. ಎರಡನೇ ಮಹಾಯುದ್ಧದಲ್ಲಿ ಮೆಕ್‌ನಮಾರಾ ಅಂಕಿಅಂಶದ ಮನುಷ್ಯ. ಹಾರ್ವರ್ಡ್ ಬಿಸಿನೆಸ್ ಸ್ಕೂಲ್‌ನಲ್ಲಿ ಪಾಠ ಮಾಡುತ್ತಿದ್ದವರು ವಾಯುಪಡೆಯ ಲೆಕ್ಕಾಚಾರದ ವಿಭಾಗ ಸೇರಿದರು. ಬಾಂಬರ್‌ಗಳು ಗುರಿ ತಲುಪದೆ ಅರ್ಧ ದಾರಿಯಿಂದ ವಾಪಸ್ ಬರುತ್ತಿದ್ದುದು ಯಾಕೆ, ಎಷ್ಟು ಇಂಧನಕ್ಕೆ ಎಷ್ಟು ನಾಶ, ಇಂಥವೇ ಕೆಲಸ. 1945ರ ಮಾರ್ಚ್‌ನಲ್ಲಿ ಅವರು ಗ್ವಾಮ್ ದ್ವೀಪದಲ್ಲಿ, ಜನರಲ್ ಕರ್ಟಿಸ್ ಲಿಮೇ ಅವರ ಕೈಕೆಳಗೆ ಇದ್ದರು. ಮಾರ್ಚ್ 9ರ ರಾತ್ರಿ ಲಿಮೇ ಅವರ ಬಿ-29 ವಿಮಾನಗಳು ಕೆಳಮಟ್ಟದಲ್ಲಿ ಹಾರಿ ಟೋಕಿಯೊ ಮೇಲೆ ಬೆಂಕಿ ಬಾಂಬ್ ಸುರಿದವು. ಟೋಕಿಯೊ ಮರದ ಮನೆಗಳ ಊರು. ಒಂದೇ ರಾತ್ರಿಯಲ್ಲಿ 1,00,000 ನಾಗರಿಕರನ್ನು, ಗಂಡಸರು, ಹೆಂಗಸರು, ಮಕ್ಕಳನ್ನು ಸುಟ್ಟು ಕೊಂದೆವು ಎಂದು ಮೆಕ್‌ನಮಾರಾ ಹೇಳುತ್ತಾರೆ.

ಮಾರಿಸ್ ಅವರ ದನಿ ತೆರೆಯ ಹೊರಗಿನಿಂದ ಬರುತ್ತದೆ. ಹೀಗಾಗುತ್ತದೆ ಅಂತ ನಿಮಗೆ ಗೊತ್ತಿತ್ತಾ? ಮೆಕ್‌ನಮಾರಾ ಉತ್ತರ: ಒಂದರ್ಥದಲ್ಲಿ ಅದನ್ನು ಶಿಫಾರಸು ಮಾಡಿದ ವ್ಯವಸ್ಥೆಯ ಭಾಗ ನಾನಾಗಿದ್ದೆ.

ಈ ಉತ್ತರದಲ್ಲಿ ಎಷ್ಟು ಪದರ ಇದೆ ನೋಡಿ. ‘ಒಂದರ್ಥದಲ್ಲಿ’, ‘ವ್ಯವಸ್ಥೆ’, ‘ಭಾಗ’. ಮೂರು ಹೊದಿಕೆಗಳ ಕೆಳಗೆ ‘ನಾನು’. ಪ್ರಶ್ನೆ ಕೇಳುವವರು ಇಲ್ಲಿ ‘ಹಾಗಂದ್ರೆ ನೇರವಾಗಿ ಹೇಳಿ’ ಎಂದು ಮೇಲೆ ಬಿದ್ದಿದ್ದರೆ ಅವರು ಹೊದಿಕೆಗಳನ್ನು ಇನ್ನೂ ಬಿಗಿಯಾಗಿ ಎಳೆದುಕೊಳ್ಳುತ್ತಿದ್ದರು. ಮಾರಿಸ್ ಬೀಳಲಿಲ್ಲ. ಮೆಕ್‌ನಮಾರಾ ಮಾತು ಮುಂದುವರಿಸುತ್ತಾ ಹೋದರು. 67 ಜಪಾನಿ ನಗರಗಳ ಸುಡುವಿಕೆಗೆ ಬಂದರು. ತೆರೆಯ ಮೇಲೆ ಒಂದೊಂದು ಜಪಾನಿ ಊರಿನ ಹೆಸರು, ಅದರ ಎಷ್ಟು ಪಾಲು ನಾಶವಾಯಿತೆಂಬ ಸಂಖ್ಯೆ, ಅದೇ ಗಾತ್ರದ ಅಮೆರಿಕನ್ ಊರಿನ ಹೆಸರು ಸರಸರ ಬಂದು ಹೋಗುತ್ತವೆ. ಟೋಕಿಯೊ ಅಂದರೆ ನ್ಯೂಯಾರ್ಕ್, ಶೇ 51. ವಿಮಾನದಿಂದ ಬಾಂಬುಗಳ ಜಾಗದಲ್ಲಿ ಅಂಕಿಗಳು ಉದುರುವ ಒಂದು ದೃಶ್ಯವೂ ಇದೆ. ಅಂಕಿಗಳಿಂದಲೇ ಬದುಕು ಕಟ್ಟಿದ ಮನುಷ್ಯನ ಕಥೆಗೆ ಇದಕ್ಕಿಂತ ಸರಿಯಾದ ಚಿತ್ರ ನನಗೆ ತೋಚುವುದಿಲ್ಲ.

ಕೊನೆಗೆ ಆ ಮಾತು ಬರುತ್ತದೆ. ನಾವು ಯುದ್ಧ ಸೋತಿದ್ದರೆ ನಮ್ಮನ್ನೆಲ್ಲ ಯುದ್ಧಾಪರಾಧಿಗಳೆಂದು ವಿಚಾರಣೆಗೆ ಎಳೆಯುತ್ತಿದ್ದರು ಅಂತ ಲಿಮೇ ಹೇಳಿದ್ದರಂತೆ. ಅವರು ಹೇಳಿದ್ದು ಸರಿ ಅಂತ ನನಗೆ ಅನ್ನಿಸುತ್ತದೆ, ಅವರು, ಮತ್ತು ನಾನೂ ಕೂಡ, ಯುದ್ಧಾಪರಾಧಿಗಳ ಹಾಗೆ ನಡೆದುಕೊಳ್ಳುತ್ತಿದ್ದೆವು ಎನ್ನುತ್ತಾರೆ ಮೆಕ್‌ನಮಾರಾ. ಆಮೇಲೆ ತಾವೇ ಕೇಳುತ್ತಾರೆ: ಸೋತರೆ ಅನೀತಿ, ಗೆದ್ದರೆ ಅನೀತಿ ಅಲ್ಲ, ಅದು ಹೇಗೆ?

ಅಮೆರಿಕದ ಮಾಜಿ ರಕ್ಷಣಾ ಮಂತ್ರಿಯೊಬ್ಬರು ಕ್ಯಾಮೆರಾಗೆ ಕಣ್ಣಿಟ್ಟು ಹೀಗೆ ಹೇಳಿದ್ದು ಸಣ್ಣ ಮಾತಲ್ಲ. ಈ ಮಾತನ್ನು ಯಾರೂ ಅವರ ಬಾಯಿಂದ ಎಳೆದು ತೆಗೆದದ್ದೂ ಅಲ್ಲ. ತಾವಾಗಿಯೇ ನಡೆದು ಬಂದು ಮುಟ್ಟಿದರು.

ವಿಯೆಟ್ನಾಂ

ಇನ್ನು ವಿಯೆಟ್ನಾಂ. 1945ರಲ್ಲಿ ಅವರು ಜನರಲ್ ಒಬ್ಬರ ಕೈಕೆಳಗಿನ ಲೆಕ್ಕದ ಅಧಿಕಾರಿ. 1960ರ ದಶಕದಲ್ಲಿ ಇಡೀ ಸೇನಾ ವ್ಯವಸ್ಥೆಯ ಮೇಲಿದ್ದವರು, ಅಧ್ಯಕ್ಷರ ನಂತರ ಅವರೇ. ಹೊಣೆ ಎಲ್ಲಿ ಜಾಸ್ತಿಯೋ ಅಲ್ಲಿ ಒಪ್ಪಿಗೆಯೂ ಜಾಸ್ತಿ ಇರಬೇಕಿತ್ತು. ಆದದ್ದು ತಿರುಗುಮುರುಗು.

ತಪ್ಪಾಯಿತು ಅನ್ನಲು ಅವರಿಗೆ ಅಳುಕಿಲ್ಲ. 1995ರ ತಮ್ಮ ಪುಸ್ತಕದಲ್ಲೇ ‘ನಾವು ತಪ್ಪು ಮಾಡಿದೆವು, ಭಾರೀ ತಪ್ಪು’ ಎಂದು ಬರೆದಿದ್ದರು. ಚಿತ್ರದಲ್ಲೂ 1964ರ ಆಗಸ್ಟ್‌ನ ಟಾಂಕಿನ್ ಕೊಲ್ಲಿಯಲ್ಲಿ ಅಮೆರಿಕದ ಹಡಗುಗಳ ಮೇಲೆ ಉತ್ತರ ವಿಯೆಟ್ನಾಂ ನಡೆಸಿತೆನ್ನಲಾದ ಎರಡನೇ ದಾಳಿ ನಡೆದೇ ಇರಲಿಲ್ಲ ಎಂದು ಒಪ್ಪುತ್ತಾರೆ. ಆ ‘ದಾಳಿ’ಯನ್ನು ಮುಂದಿಟ್ಟುಕೊಂಡೇ ಅಮೆರಿಕ ಯುದ್ಧದೊಳಗೆ ಇಳಿದದ್ದು. 1995ರಲ್ಲಿ ಹನೋಯ್‌ಗೆ ಹೋದಾಗ ಅಲ್ಲಿನ ಮಾಜಿ ವಿದೇಶಾಂಗ ಮಂತ್ರಿ, ನೀವು ಇತಿಹಾಸದ ಪುಸ್ತಕವನ್ನೇ ಓದಿಲ್ಲವೇನೋ, ನಾವು ಚೀನೀಯರ ಜೊತೆ ಸಾವಿರ ವರ್ಷ ಹೋರಾಡಿದವರು ಎಂದು ಬೈದದ್ದನ್ನೂ ಹೇಳುತ್ತಾರೆ. ಶತ್ರುವಿನ ಮನಸ್ಸು ನಮಗೆ ತಿಳಿದಿರಲಿಲ್ಲ, ನಾವು ಶೀತಲ ಸಮರ ಅಂದುಕೊಂಡೆವು, ಅವರಿಗೆ ಅದು ಅಂತರ್ಯುದ್ಧವಾಗಿತ್ತು. ಇದೆಲ್ಲ ಪ್ರಾಮಾಣಿಕವಾಗಿಯೇ ಬರುತ್ತದೆ. ಆದರೆ ಗಮನಿಸಿ, ಇಲ್ಲಿ ಎಲ್ಲ ಕಡೆ ‘ನಾವು’. ಟೋಕಿಯೊ ಬಗ್ಗೆ ಸಿಕ್ಕ ‘ನಾನೂ ಕೂಡ’ ಇಲ್ಲಿ ಸಿಗುವುದಿಲ್ಲ.

ಮಾರಿಸ್ ಅದನ್ನು ಹುಡುಕಿಯೇ ಹೋಗುತ್ತಾರೆ. ಈ ಎಲ್ಲದರ ಕರ್ತೃ ನೀವು ಅಂತ ಅನ್ನಿಸುತ್ತಿತ್ತಾ, ಅಥವಾ ನಿಮ್ಮ ಕೈಮೀರಿದ ಸಂಗತಿಗಳ ಉಪಕರಣ ಅಂತ ಅನ್ನಿಸುತ್ತಿತ್ತಾ ಎಂದು ಕೇಳುತ್ತಾರೆ. ಎರಡೂ ಅನ್ನಿಸಲಿಲ್ಲ ಎಂಬುದು ಉತ್ತರ. ಜನ ಆರಿಸಿದ ಅಧ್ಯಕ್ಷರು ಕರೆದರು, ಅವರ ಕೆಲಸಕ್ಕೆ ನೆರವಾಗುವುದು ನನ್ನ ಕರ್ತವ್ಯವಾಗಿತ್ತು. ಹೊಣೆ ಯಾರದು ಅಂದರೆ, ಅಧ್ಯಕ್ಷರದು. ‘ಏಜೆಂಟ್ ಆರೆಂಜ್’ ಎಂಬ ವಿಷ ಸಿಂಪಡಣೆಯ ವಿಷಯ ಬಂದಾಗ, ಅದಕ್ಕೆ ನಾನೇ ಅನುಮತಿ ಕೊಟ್ಟೆನೋ ಇಲ್ಲವೋ ಗೊತ್ತಿಲ್ಲ, ನೆನಪಿಲ್ಲ, ನಾನು ಮಂತ್ರಿಯಾಗಿದ್ದಾಗ ಅದು ನಡೆದದ್ದಂತೂ ನಿಜ ಎನ್ನುತ್ತಾರೆ. ಅರ್ಧಕ್ಕೆ ನಿಂತ ವಾಕ್ಯ ಎಲ್ಲಿ ನಿಂತಿತ್ತೆಂದು ನೆನಪಿದ್ದವರಿಗೆ ಇದು ನೆನಪಿಲ್ಲ. ಮಾರಿಸ್ ಅಲ್ಲಿ ಏನೂ ಟಿಪ್ಪಣಿ ಮಾಡುವುದಿಲ್ಲ. ಮಾಡಬೇಕಾಗಿಯೂ ಇಲ್ಲ.

ನನಗೆ ಅನ್ನಿಸುವುದು ಇಷ್ಟು. ಟೋಕಿಯೊ ವಿಷಯದಲ್ಲಿ ಅವರು ಅಷ್ಟು ದೊಡ್ಡ ಮಾತು ಆಡಲು ಸಾಧ್ಯವಾದದ್ದು ಅಲ್ಲಿ ತೀರ್ಮಾನ ಲಿಮೇ ಅವರದಾಗಿದ್ದರಿಂದ. ಯುದ್ಧ ಗೆದ್ದಿತ್ತು, ಯಾರೂ ಕೇಳಿರಲಿಲ್ಲ, 56 ವರ್ಷ ಕಳೆದಿತ್ತು. ‘ಯುದ್ಧಾಪರಾಧಿ’ ಎಂಬ ಪದವನ್ನು ಅಲ್ಲಿ ಕೈಗೆತ್ತಿಕೊಳ್ಳಬಹುದು, ಯಾಕೆಂದರೆ ಅದರ ಭಾರ ಹಂಚಿಹೋಗುತ್ತದೆ. ವಿಯೆಟ್ನಾಂನಲ್ಲಿ ಆ ಪದ ಎತ್ತಿದರೆ ಹಂಚಿಕೊಳ್ಳಲು ಮೇಲೆ ಇದ್ದವರು ಇಬ್ಬರು ಅಧ್ಯಕ್ಷರು, ಇಬ್ಬರೂ ಸತ್ತುಹೋಗಿದ್ದಾರೆ, ಇಬ್ಬರಿಗೂ ಅವರು ಕೊನೆಯವರೆಗೆ ನಿಷ್ಠರು. ಹಾಗಾಗಿ 1945ರ ಮಾತಿನಲ್ಲಿ 1965ರ ಸಂಕಟ ಮಾತಾಡುತ್ತಿದೆ ಎಂದು ನಾನು ಓದುತ್ತೇನೆ. ಅವರಿಗೆ ವಿಯೆಟ್ನಾಂ ಬಗ್ಗೆ ಹೇಳಲಾಗದ್ದು ಟೋಕಿಯೊ ಬಗ್ಗೆ ಹೇಳುವಾಗ ಹೊರಬಿತ್ತು.

ಸಂಕಟ ಇತ್ತು ಅನ್ನುವುದಕ್ಕೆ ಚಿತ್ರದಲ್ಲೇ ಸಾಕ್ಷಿ ಇದೆ. 1965ರ ನವೆಂಬರ್‌ನಲ್ಲಿ ಯುದ್ಧವಿರೋಧಿ ಕ್ವೇಕರ್ (ಹಿಂಸೆಯನ್ನು ಒಪ್ಪದ ಒಂದು ಕ್ರೈಸ್ತ ಪಂಥದವರು) ಒಬ್ಬರು ರಕ್ಷಣಾ ಇಲಾಖೆಯ ಕಚೇರಿಯಾದ ಪೆಂಟಗನ್‌ನಲ್ಲಿ, ಮೆಕ್‌ನಮಾರಾ ಅವರ ಕಚೇರಿ ಕಿಟಕಿಯ ಹತ್ತಿರವೇ ಮೈಗೆ ಬೆಂಕಿ ಹಚ್ಚಿಕೊಂಡು ಸತ್ತರು. ಕೈಯಲ್ಲಿ ಹಸುಗೂಸು ಇತ್ತು, ಮಗು ಉಳಿಯಿತು. ಮನುಷ್ಯರು ಮನುಷ್ಯರನ್ನು ಕೊಲ್ಲುವುದನ್ನು ನಿಲ್ಲಿಸಬೇಕು ಎಂದು ಸತ್ತವರ ಹೆಂಡತಿ ಹೇಳಿದ ಮಾತು ತನ್ನದೂ ಆಗಿತ್ತು, ಆಗಲೂ, ಈಗಲೂ ಎನ್ನುತ್ತಾರೆ ಮೆಕ್‌ನಮಾರಾ. ಆಗಲೂ ಅಂದರೆ 1965ರಲ್ಲಿ. ಅದರ ಮೇಲೆ ಎರಡು ವರ್ಷಕ್ಕಿಂತ ಹೆಚ್ಚು ಕಾಲ ಅದೇ ಯುದ್ಧ ನಡೆಸಿದರು. ಮುಖದಲ್ಲಿ ಆ ಎರಡೂ ಒಟ್ಟಿಗೆ ಕಾಣುತ್ತವೆ.

ಇನ್ನೊಂದು ತುಣುಕು. 1968ರ ಫೆಬ್ರವರಿಯಲ್ಲಿ ಅವರು ಹುದ್ದೆ ಬಿಡುವಾಗ ಜಾನ್ಸನ್ ಪದಕ ಕೊಟ್ಟು ಬೀಳ್ಕೊಡುತ್ತಾರೆ. ಹಳೆಯ ಫಿಲ್ಮ್‌ನಲ್ಲಿ ಮೆಕ್‌ನಮಾರಾ ಮೈಕ್ ಮುಂದೆ ನಿಂತಿದ್ದಾರೆ, ಗಂಟಲು ಕಟ್ಟಿದೆ, ಮಾತು ಹೊರಡುತ್ತಿಲ್ಲ. ನಾನು ರಾಜೀನಾಮೆ ಕೊಟ್ಟೆನೋ, ನನ್ನನ್ನು ತೆಗೆದುಹಾಕಿದರೋ ಇಂದಿಗೂ ಗೊತ್ತಿಲ್ಲ ಎಂದು ಗೆಳತಿಯೊಬ್ಬರಿಗೆ ಹೇಳಿದಾಗ, ನಿನಗೆ ತಲೆ ಕೆಟ್ಟಿದೆ, ತೆಗೆದೇಹಾಕಿದ್ದು ಎಂದರಂತೆ. ಇದನ್ನು ಹೇಳುವಾಗ 85ರ ಮುಖದಲ್ಲಿ ನಗು ಬರುತ್ತದೆ.

ಕತ್ತರಿ ಕೆಲಸ

ಇಪ್ಪತ್ತು ಗಂಟೆಯನ್ನು ಎರಡು ಗಂಟೆಗಿಂತ ಕಡಿಮೆಗೆ ಇಳಿಸುವುದು ಅಂದರೆ ಹತ್ತರಲ್ಲಿ ಒಂಬತ್ತು ಪಾಲು ಬಿಸಾಕಿದ ಹಾಗೆ. ಸಾಮಾನ್ಯವಾಗಿ ಹೀಗೆ ಕತ್ತರಿಸಿದ ಜಾಗವನ್ನು ಮುಚ್ಚುತ್ತಾರೆ. ನಡುವೆ ಕೈಯ ದೃಶ್ಯ, ಕೋಣೆಯ ದೃಶ್ಯ, ಏನೋ ಒಂದು ತುರುಕುತ್ತಾರೆ. ಮಾರಿಸ್ ಬಹಳ ಕಡೆ ಮುಚ್ಚಲಿಲ್ಲ. ವಾಕ್ಯದ ಮಧ್ಯೆ ಮುಖ ತಟಕ್ಕನೆ ಜಿಗಿಯುತ್ತದೆ, ಚೌಕಟ್ಟಿನ ಒಂದು ಅಂಚಿಗೆ ಹೋಗುತ್ತದೆ. ಮೊದಲ ಸಲ ನೋಡಿದವರಿಗೆ ಕಿರಿಕಿರಿ. ನನಗೆ ಮಾತ್ರ ಇದು ಪ್ರಾಮಾಣಿಕತೆ ಅನ್ನಿಸುತ್ತದೆ. ಇಲ್ಲಿ ಕತ್ತರಿ ಬಿದ್ದಿದೆ ಎಂದು ನೋಡುವವರಿಗೆ ಗೊತ್ತಾಗಲೇಬೇಕು.

ಎದುರುವಾದ ಮಾಡುವ ಕೆಲಸವನ್ನು ಮಾರಿಸ್ ತಮ್ಮ ಬಾಯಿಗೆ ಕೊಡದೆ ದಾಖಲೆಗಳಿಗೆ ಕೊಟ್ಟರು. ಶ್ವೇತಭವನದಲ್ಲಿ ಅಧ್ಯಕ್ಷರ ಮಾತುಕತೆಗಳನ್ನು ದಾಖಲಿಸಿದ ಟೇಪುಗಳು ಇದ್ದವಲ್ಲ. 1963ರ ಅಕ್ಟೋಬರ್‌ನಲ್ಲಿ ಕೆನಡಿ ಮುಂದೆ ವಿಯೆಟ್ನಾಂನಿಂದ ಹೊರಬರುವ ದಾರಿ ಬೇಕು ಎಂದು ವಾದಿಸುವ ಮೆಕ್‌ನಮಾರಾ ದನಿ ಕೇಳುತ್ತದೆ. ಕೆಲವೇ ತಿಂಗಳ ನಂತರ, ಸೇನೆ ವಾಪಸ್ ಕರೆಸುವ ನಿಮ್ಮ ಹೇಳಿಕೆಗಳು ಮೂರ್ಖತನ ಅಂತ ನನಗೆ ಯಾವಾಗಲೂ ಅನ್ನಿಸಿತ್ತು ಎಂದು ಜಾನ್ಸನ್ ಅದೇ ಮನುಷ್ಯನಿಗೆ ಹೇಳುತ್ತಾರೆ. ಆಮೇಲೆ ಮೆಕ್‌ನಮಾರಾ ದನಿ ಬಗ್ಗುತ್ತಾ ಹೋಗುತ್ತದೆ. 45 ವರ್ಷ ದಾಟಿದ ಮಂತ್ರಿಯ ದನಿಯೂ 85ರ ಮುಖವೂ ಒಂದರ ಪಕ್ಕ ಒಂದು. ಇದರಲ್ಲಿ ಮೆಕ್‌ನಮಾರಾ ಅವರ ಪರವಾಗಿರುವ ಸಾಕ್ಷಿಯೂ ಇದೆ, ವಿರುದ್ಧದ್ದೂ ಇದೆ. ಯುದ್ಧವನ್ನು ಹಿಗ್ಗಿಸುವ ಹಟ ಅವರೊಬ್ಬರದೇ ಆಗಿರಲಿಲ್ಲ. ಹೊರಬರುವುದೇ ಸರಿ ಎಂದು ತಿಳಿದಿದ್ದೂ ಮುಂದುವರಿಸಿದರು ಅನ್ನುವುದು ಅದರಿಂದಲೇ ಸಾಬೀತೂ ಆಗುತ್ತದೆ. ಕೂಗಾಡುವ ಸಂದರ್ಶಕ ಹತ್ತು ಜನ ಸೇರಿದರೂ ಇಷ್ಟು ಮಾಡಲಾರರು.

ಫಿಲಿಪ್ ಗ್ಲಾಸ್ ಅವರ ಸಂಗೀತದ ಬಗ್ಗೆ ಒಂದೇ ಮಾತು: ಕೆಲವು ಕಡೆ ಅದು ಜಾಸ್ತಿ ಆಯಿತು. ಆ ಮುಖಕ್ಕೆ ಅಷ್ಟು ಒತ್ತಾಸೆ ಬೇಕಿರಲಿಲ್ಲ.

ಚಿತ್ರವನ್ನು ‘ಮೆಕ್‌ನಮಾರಾ ಬದುಕಿನ ಹನ್ನೊಂದು ಪಾಠಗಳು’ ಎಂದು ಭಾಗ ಮಾಡಲಾಗಿದೆ. ಪಾಠಗಳನ್ನು ಹೆಕ್ಕಿದ್ದು ಮಾರಿಸ್. ಕ್ಯಾಮೆರಾ ಮುಂದೆ ಕೂತವರ ಬಾಯಿಮಾತಿನಿಂದಲೇ ಹೆಕ್ಕಿದ್ದಾದರೂ ಮೆಕ್‌ನಮಾರಾ ಅವರಿಗೆ ಇದು ಹಿಡಿಸಲಿಲ್ಲ. ತಮ್ಮದೇ ಹತ್ತು ಪಾಠಗಳ ಪಟ್ಟಿ ಬರೆದರು, ಅದು ಡಿವಿಡಿಯಲ್ಲಿ ಸೇರಿತು. ಎರಡನ್ನೂ ಓದಿದರೆ ವ್ಯತ್ಯಾಸ ತಿಳಿಯುತ್ತದೆ. ಮಾರಿಸ್ ಪಟ್ಟಿಯಲ್ಲಿ ‘ಒಳ್ಳೆಯದು ಮಾಡಲು ಕೆಟ್ಟದ್ದರಲ್ಲಿ ತೊಡಗಬೇಕಾಗಬಹುದು’, ‘ಮನುಷ್ಯ ಸ್ವಭಾವ ಬದಲಾಗದು’ ಎಂಬಂಥ ಮಾತುಗಳಿವೆ. ಒಬ್ಬ ಮನುಷ್ಯ ತನ್ನ ಒಳಗಿನ ಜೊತೆ ಜಗಳವಾಡುವಾಗ ಬರುವ ಮಾತುಗಳು ಅವು. ಮೆಕ್‌ನಮಾರಾ ಪಟ್ಟಿ ದೇಶಗಳು ಏನು ಮಾಡಬೇಕೆಂದು ಹೇಳುವ ನೀತಿಯ ಪಟ್ಟಿ. ಅವರ ದೂರು ನ್ಯಾಯವಾದದ್ದೇ ಎಂದು ನನಗೆ ಅನ್ನಿಸುತ್ತದೆ. ಅವರ ಹೆಸರಿನಲ್ಲಿ ಬರುವ ಪಾಠ ಅವರದೇ ಆಗಿರಬೇಕಿತ್ತು. ಮಾರಿಸ್ ಇಲ್ಲಿ ಗೆರೆ ದಾಟಿದರು.

ಫೋನ್ ಮಾತು

ಚಿತ್ರದ ಕೊನೆಗೆ ಮೆಕ್‌ನಮಾರಾ ಕಾರು ಓಡಿಸುತ್ತಿದ್ದಾರೆ. ಮಾರಿಸ್ ಜೊತೆಗಿನ ಫೋನ್ ಮಾತು ಹಿನ್ನೆಲೆಯಲ್ಲಿ ಕೇಳುತ್ತದೆ. ಮಾರಿಸ್ ಕೇಳುತ್ತಾರೆ: ಸರ್ಕಾರ ಬಿಟ್ಟ ಮೇಲೆ ಯುದ್ಧದ ವಿರುದ್ಧ ನೀವೇಕೆ ಬಾಯಿ ಬಿಡಲಿಲ್ಲ? ಮೆಕ್‌ನಮಾರಾ ಉತ್ತರ: ಈಗಾಗಲೇ ಹೇಳಿದ್ದಕ್ಕಿಂತ ಹೆಚ್ಚೇನೂ ಹೇಳುವುದಿಲ್ಲ, ಇಂಥ ಪ್ರಶ್ನೆಗಳೇ ನನ್ನನ್ನು ತೊಂದರೆಗೆ ಸಿಕ್ಕಿಸುವುದು. ಯುದ್ಧಕ್ಕೆ ನೀವು ಹೊಣೆ ಅನ್ನಿಸುತ್ತದಾ, ಅಪರಾಧಿ ಭಾವ ಇದೆಯಾ? ಈ ಮಾತು ಮುಂದುವರಿಸುವುದು ಬೇಡ. ಹೇಳಿದರೂ ಬೈಗುಳ, ಹೇಳದಿದ್ದರೂ ಬೈಗುಳ, ಹಾಗೆ ಅನ್ನಿಸುತ್ತದಾ? ಹೌದು. ಹೇಳದೇ ಬೈಸಿಕೊಳ್ಳುವುದೇ ವಾಸಿ.

ಇಲ್ಲಿ ಯಂತ್ರ ಇಲ್ಲ, ಕಣ್ಣಿಗೆ ಕಣ್ಣಿಲ್ಲ. ಹ್ಯಾರಿಸ್ ಪ್ರಕರಣದ ಹಾಗೆ ಬರೀ ದನಿ. ಅಲ್ಲಿ ಮುಖವಿಲ್ಲದೆ ಒಪ್ಪಿಗೆ ಸಿಕ್ಕಿತು, ಇಲ್ಲಿ ಮುಖವಿಲ್ಲದೆ ನಿರಾಕರಣೆ ಸಿಕ್ಕಿತು. ಇಂಟರೋಟ್ರಾನ್ ಬಗ್ಗೆ ಬರೆಯುವವರು ಅದನ್ನು ಸತ್ಯ ಹೊರಡಿಸುವ ಯಂತ್ರ ಎಂಬ ಹಾಗೆ ಬರೆಯುತ್ತಾರೆ. ಅದು ಮುಖ ತೋರಿಸುವ ಯಂತ್ರ. ಬಾಯಿ ಬಿಡಿಸುವುದು ಬೇರೆ ವಿದ್ಯೆ.

ಮಾರಿಸ್ ಮೆಕ್‌ನಮಾರಾ ಅವರನ್ನು ಸುಮ್ನೆ ಬಿಟ್ಟುಬಿಟ್ಟರು, ಲಕ್ಷಾಂತರ ವಿಯೆಟ್ನಾಮಿಗರ ಸಾವಿನ ಲೆಕ್ಕ ಕೇಳಲಿಲ್ಲ ಎಂಬ ಟೀಕೆ ಚಿತ್ರ ಬಂದಾಗಲೇ ಬಂತು. ಅದರಲ್ಲಿ ಹುರುಳಿದೆ. ಚಿತ್ರದಲ್ಲಿ ಸತ್ತ ವಿಯೆಟ್ನಾಮಿಗರ ಕಡೆಯ ಒಂದು ದನಿಯೂ ಇಲ್ಲ, ಟೋಕಿಯೊದಲ್ಲಿ ಬದುಕುಳಿದವರದೂ ಇಲ್ಲ. ಒಬ್ಬರನ್ನೇ ಇಟ್ಟುಕೊಂಡು ಚಿತ್ರ ಮಾಡುವ ಆಯ್ಕೆಗೆ ತೆತ್ತ ಬೆಲೆ ಅದು, ಸಣ್ಣ ಬೆಲೆಯೂ ಅಲ್ಲ. ಆದರೆ ‘ಇನ್ನೂ ಗಟ್ಟಿಯಾಗಿ ಕೇಳಬೇಕಿತ್ತು’ ಎಂಬ ಮಾತನ್ನು ನಾನು ಒಪ್ಪುವುದಿಲ್ಲ. ಕೇಳಬೇಕಾದ ಪ್ರಶ್ನೆ ಕೇಳಿದ್ದಾರೆ, ಒಲ್ಲೆ ಅನ್ನುವ ಉತ್ತರವನ್ನು ಬಚ್ಚಿಡದೆ ಚಿತ್ರದ ಕೊನೆಯಲ್ಲೇ ಇಟ್ಟಿದ್ದಾರೆ. ನೋಡಿ ಎದ್ದು ಹೋಗುವವರ ಕಿವಿಯಲ್ಲಿ ಉಳಿಯುವುದು ಅದೇ.

ಅದೇ ಯಂತ್ರ, ಇನ್ನೊಬ್ಬ ಮಂತ್ರಿ

2004ರ ಫೆಬ್ರವರಿಯಲ್ಲಿ ಆಸ್ಕರ್ ಪಡೆಯುವಾಗ ಮಾರಿಸ್, ನಲವತ್ತು ವರ್ಷದ ಹಿಂದೆ ಈ ದೇಶ ವಿಯೆಟ್ನಾಂ ಎಂಬ ಬಿಲದೊಳಗೆ ಇಳಿಯಿತು, ಲಕ್ಷಗಟ್ಟಲೆ ಜನ ಸತ್ತರು, ಈಗ ಮತ್ತೆ ಅಂಥದ್ದೇ ಬಿಲಕ್ಕೆ ಇಳಿಯುತ್ತಿದ್ದೇವೆ ಎಂಬ ಭಯ ನನಗಿದೆ ಎಂದರು. ಇರಾಕ್ ಯುದ್ಧ ಶುರುವಾಗಿ ವರ್ಷ ತುಂಬುತ್ತಿತ್ತು. ಆಗಿನ ರಕ್ಷಣಾ ಮಂತ್ರಿ ಡೊನಾಲ್ಡ್ ರಮ್ಸ್‌ಫೆಲ್ಡ್. ಸುಮಾರು ಒಂದು ದಶಕದ ನಂತರ ಅದೇ ರಮ್ಸ್‌ಫೆಲ್ಡ್ ಮಾರಿಸ್ ಮುಂದೆ ಕೂತರು. 33 ಗಂಟೆ ಮಾತು. ಮೆಕ್‌ನಮಾರಾ ಅವರಿಗಿಂತ ಜಾಸ್ತಿ. 2013ರಲ್ಲಿ ‘ದಿ ಅನ್‌ನೋನ್ ನೋನ್’ ಬಂತು.

ಪ್ರಕರಣವನ್ನು ಪರೀಕ್ಷೆಗೆ ಒಡ್ಡಲು ಇದಕ್ಕಿಂತ ಒಳ್ಳೆಯ ಅವಕಾಶ ಸಿಗದು. ಅದೇ ನಿರ್ದೇಶಕ, ಅದೇ ಬಗೆಯ ನೇರ ನೋಟ, ಅದೇ ಹುದ್ದೆಯ ಮನುಷ್ಯ, ಸೋಲಿನ ಕಡೆ ಹೋದ ಇನ್ನೊಂದು ಯುದ್ಧ. ಸಿಕ್ಕಿದ್ದು ಒಂದು ನಗು. ಅಮೆರಿಕ ಶಂಕಿತ ಉಗ್ರರನ್ನು ಇಟ್ಟಿದ್ದ ಗ್ವಾಂಟನಾಮೊ ಸೆರೆಮನೆಯಲ್ಲಿ ಬಳಸಿದ ವಿಚಾರಣೆಯ ವಿಧಾನಗಳು ಇರಾಕ್‌ನ ಜೈಲುಗಳಿಗೆ ಹರಿದುಬಂದವು ಎಂಬುದನ್ನು ರಮ್ಸ್‌ಫೆಲ್ಡ್ ಮೊದಲು ಅಲ್ಲಗಳೆಯುತ್ತಾರೆ. ಹರಿದುಬಂದವು ಎಂದೇ ಹೇಳುವ ತನಿಖಾ ವರದಿಯನ್ನು ಮಾರಿಸ್ ಓದಿ ಹೇಳಿದಾಗ, ಹೌದು, ಸರಿಯಾಗಿದೆ ಎಂದು ಅದನ್ನೂ ಒಪ್ಪಿಬಿಡುತ್ತಾರೆ. ಎರಡು ಮಾತಿನ ನಡುವೆ ಮುಖದಲ್ಲಿ ಒಂದು ಗೆರೆಯೂ ಅಲುಗುವುದಿಲ್ಲ. ಕೊನೆಗೆ ಮಾರಿಸ್, ನೀವು ನನ್ನ ಜೊತೆ ಮಾತಾಡುತ್ತಿರುವುದಾದರೂ ಯಾಕೆ ಅಂತ ಕೇಳುತ್ತಾರೆ. ಕೆಟ್ಟ ಪ್ರಶ್ನೆ, ನನಗೂ ಗೊತ್ತಿಲ್ಲ ಎಂಬ ಉತ್ತರ ಬರುತ್ತದೆ.

ಎರಡೂ ಚಿತ್ರ ನೋಡುವ ಮನಸ್ಸಿದ್ದರೆ ರಮ್ಸ್‌ಫೆಲ್ಡ್ ಅವರದನ್ನು ಮೊದಲು ನೋಡಿ ಎಂದು ನಾನು ಹೇಳುವುದು ಇದಕ್ಕೇ. ಮೆಕ್‌ನಮಾರಾ ಪ್ರಶ್ನೆಯಿಂದ ಜಾರಿಕೊಂಡ ಕಡೆಯಲ್ಲೆಲ್ಲ ತಾನು ಜಾರುತ್ತಿದ್ದೇನೆ ಎಂದು ಅವರಿಗೆ ಗೊತ್ತಿತ್ತು, ಮುಖ ಅದನ್ನು ಮುಚ್ಚಲಿಲ್ಲ. ರಮ್ಸ್‌ಫೆಲ್ಡ್ ಅವರ ನಗುವನ್ನು ಒಂದೂವರೆ ಗಂಟೆ ನೋಡಿದ ಮೇಲೆ, 85ರ ಆ ಮುದುಕರು ಮಾತು ಸಿಗದೆ ತಡವರಿಸುವ ಒಂದೊಂದು ಜಾಗವೂ ಎಷ್ಟು ದುಬಾರಿಯದು ಅಂತ ತಿಳಿಯುತ್ತದೆ.